ಇಪ್ಪತ್ತೈದು ಸೆಕೆಂಡಿನ ಕ್ಯಾಮೆರಾ, ಆಮೇಲೆ ಬಂದ ಮಾತು

ಫ್ರಾನ್ಸಿನ ಚಿತ್ರ ನಿರ್ದೇಶಕ ಜಾನ್ ರೂಶ್ 1957ರಲ್ಲಿ ಐವರಿ ಕೋಸ್ಟಿನ ಅಬಿಜಾನ್ ನಗರದ ಟ್ರೆಶ್‌ವಿಲ್ ಬಡಾವಣೆಯಲ್ಲಿ ಚಿತ್ರೀಕರಣ ಮಾಡುವಾಗ ಕೈಯಲ್ಲಿದ್ದದ್ದು ಕೀಲಿ ಕೊಟ್ಟು ಓಡಿಸುವ ಬೆಲ್ ಅಂಡ್ ಹೋವೆಲ್ 16 ಮಿಮೀ ಕ್ಯಾಮೆರಾ. ಒಂದು ಕೀಲಿಗೆ ಹೆಚ್ಚೆಂದರೆ 25 ಸೆಕೆಂಡಿನ ಶಾಟ್. ಜೊತೆಗೆ ಧ್ವನಿ ಇಲ್ಲ. ನೈಜರ್ ದೇಶದಿಂದ ಕೂಲಿ ಹುಡುಕಿಕೊಂಡು ಬಂದ ಯುವಕರು ತಮ್ಮದೇ ದಿನಚರಿಯನ್ನು ಆಡಿ ತೋರಿಸಿದರು. ಆದರೆ ಸಿನಿಮಾ ತಾರೆಯರ ಹೆಸರು ಹೊತ್ತುಕೊಂಡು: ಒಬ್ಬ ಎಡ್ವರ್ಡ್ ಜಿ. ರಾಬಿನ್ಸನ್, ಇನ್ನೊಬ್ಬ ಎಡ್ಡಿ ಕಾನ್‌ಸ್ಟಂಟೈನ್. ಚಿತ್ರ ಜೋಡಿಸಿ ಆದಮೇಲೆ ರಾಬಿನ್ಸನ್ ಆಗಿದ್ದ ಉಮರು ಗಾಂಡಾ ಆ ಮೂಕ ಚಿತ್ರವನ್ನು ನೋಡುತ್ತ, ಆ ಹೊತ್ತಿಗೆ ಹೊಳೆದಂತೆ ಮಾತಾಡುತ್ತ ಹೋದ. ಅದೇ ಚಿತ್ರದ ಧ್ವನಿಪಟ್ಟಿಯ ಬೆನ್ನೆಲುಬಾಯಿತು. 'ಮ್ವಾ, ಅನ್ ನ್ವಾರ್' (ನಾನು, ಒಬ್ಬ ಕರಿಯ) ಎಂಬ ಆ ಚಿತ್ರಕ್ಕೆ ಫ್ರಾನ್ಸಿನ 1958ರ ಲೂಯಿ ದೆಲ್ಯೂಕ್ ಪ್ರಶಸ್ತಿ ಬಂತು. ಗಾಂಡಾ ಮುಂದೆ ತಾನೇ ನಿರ್ದೇಶಕನಾದ.

ಸಾಕ್ಷ್ಯಚಿತ್ರ ಮತ್ತು ಕಥಾಚಿತ್ರ ಬೆರೆಸುವ ಪ್ರಯೋಗ ಎಂದರೆ ಇವತ್ತು ಎಲ್ಲರೂ ಎಡಿಟಿಂಗ್ ಬಗ್ಗೆಯೇ ಮಾತಾಡುತ್ತಾರೆ. ರೂಶ್ ಕೆಲಸದಲ್ಲಿ ಆ ಬೆರಕೆ ಹುಟ್ಟಿದ್ದು ಸಲಕರಣೆಯ ಮಿತಿಯಿಂದ. ಶಾಟ್ ಚಿಕ್ಕದು, ಮಾತು ಹಿಡಿಯಲು ಆಗದು. ಹಾಗಾಗಿ ಮಾತು ಆಮೇಲೆ ಬಂತು, ಆಡಿದವನದೇ ಆಗಿ ಬಂತು. ಆ ಮಿತಿಯನ್ನೇ ಮತ್ತೆ ಕಟ್ಟಿ, ಉತ್ತರ ಕರ್ನಾಟಕದ ಒಂದು ಎಪಿಎಂಸಿ ಯಾರ್ಡಿನ ಇಬ್ಬರು ಹಮಾಲರ ಜೊತೆ 12 ನಿಮಿಷದ ಚಿತ್ರ ಮಾಡಿದ ಕೆಲಸದ ದಾಖಲೆ ಇದು. ಕ್ಯಾಮೆರಾ ರಿಪೇರಿಯಿಂದ ಹಿಡಿದು ಕೊನೆಯ ಪ್ರದರ್ಶನದ ತಿದ್ದುಪಡಿವರೆಗೆ.

ಕ್ಯಾಮೆರಾ

ಬೆಲ್ ಅಂಡ್ ಹೋವೆಲ್‌ನದೇ ಫಿಲ್ಮೊ 70-ಡಿಆರ್, ಹಳೆಯದು. ಮೂರು ಲೆನ್ಸಿನ ತಿರುಗು ತಟ್ಟೆ, ಲೆನ್ಸ್ ತಿರುಗಿಸಿ ಕೂರಿಸುವ ಸಿ-ಮೌಂಟ್, 100 ಅಡಿ ರೋಲು, ಸೆಕೆಂಡಿಗೆ 8ರಿಂದ 64 ಫ್ರೇಮಿನವರೆಗೆ ವೇಗ. ಚಿತ್ರೀಕರಣ ಮಾಡುವಾಗ ಲೆನ್ಸಿನ ಮೂಲಕ ನೋಡುವ ವ್ಯವಸ್ಥೆ ಇಲ್ಲ. ಪಕ್ಕದ ವ್ಯೂಫೈಂಡರೇ ಗತಿ. ಬೊಲೆಕ್ಸ್ ಎಚ್16 ಸಿಕ್ಕರೂ ಇಲ್ಲಿ ಹೇಳುವ ಬಹುಪಾಲು ಕೆಲಸ ಅದಕ್ಕೂ ಹೊಂದುತ್ತದೆ.

ಕೊಳ್ಳುವ ಮುಂಚೆ ನೋಡಬೇಕಾದ ಮೊದಲ ವಿಷಯ ಫಿಲ್ಮನ್ನು ಎಳೆಯುವ ಸ್ಪ್ರಾಕೆಟ್ ಹಲ್ಲು. ಹಳೆಯ 16 ಮಿಮೀ ಕ್ಯಾಮೆರಾಗಳಲ್ಲಿ ಕೆಲವಕ್ಕೆ ಎರಡೂ ಅಂಚಿನಲ್ಲಿ ಹಲ್ಲಿರುತ್ತದೆ. ಈಗ ಸಾಮಾನ್ಯವಾಗಿ ಸಿಗುವ ಫಿಲ್ಮಿಗೆ ಒಂದೇ ಅಂಚಿನಲ್ಲಿ ತೂತು. ಎರಡು ಸಾಲು ಹಲ್ಲಿನ ಕ್ಯಾಮೆರಾಕ್ಕೆ ಅದನ್ನು ಹಾಕಿದರೆ ತೂತಿಲ್ಲದ ಅಂಚನ್ನು ಹಲ್ಲು ಕಚ್ಚಿ ಹರಿಯುತ್ತದೆ, ಚೂರುಗಳು ಗೇಟಿಗೆ, ಅಂದರೆ ಫಿಲ್ಮಿಗೆ ಬೆಳಕು ಬೀಳುವ ಕಿಂಡಿಗೆ, ಬಿದ್ದು ಪ್ರತಿ ಫ್ರೇಮಿನಲ್ಲೂ ಗೀರು ಎಳೆಯುತ್ತವೆ. ಮುಚ್ಚಳ ತೆರೆದು ಟಾರ್ಚ್ ಹಿಡಿದು ನೋಡಿದರೆ ಅರ್ಧ ನಿಮಿಷದಲ್ಲಿ ಗೊತ್ತಾಗುವ ವಿಷಯ. ಇದನ್ನು ಬಿಟ್ಟವರಿಗೆ ಮೊದಲ ರೋಲು ಡೆವಲಪ್ ಆಗಿ ಬಂದಮೇಲೇ ಗೊತ್ತಾಗುತ್ತದೆ.

ಎರಡನೆಯದು ಒಣಗಿದ ಗ್ರೀಸ್. ದಶಕಗಳ ಕಾಲ ಕಪಾಟಿನಲ್ಲಿದ್ದ ಕ್ಯಾಮೆರಾದಲ್ಲಿ ಗ್ರೀಸ್ ಜೇನಿನ ಮೇಣದಂತಾಗಿರುತ್ತದೆ. ಬಟನ್ ಒತ್ತಿದರೆ ಓಡುತ್ತದೆ, ಆದರೆ ಎಳೆದುಕೊಂಡು ಓಡುತ್ತದೆ. ಇಲ್ಲಿ ಆಸೆಗೆ ಬಿದ್ದು ಸ್ಪ್ರೇ ಎಣ್ಣೆ ಹೊಡೆಯಬಾರದು. ಅದು ಹರಿದು ಶಟರ್ ತಟ್ಟೆಗೆ, ಅಲ್ಲಿಂದ ಫಿಲ್ಮಿಗೆ ಹೋಗುತ್ತದೆ. ಕೈಪಿಡಿಯಲ್ಲಿ ಗುರುತಿಸಿದ ಎಣ್ಣೆ ತೂತುಗಳಿಗೆ ಮಾತ್ರ, ಗಡಿಯಾರದ ಎಣ್ಣೆ, ಸೂಜಿಯ ತುದಿಯಿಂದ ಒಂದೊಂದೇ ಹನಿ. ಆಮೇಲೆ ಬೇಡದ ಹಳೆಯ ಫಿಲ್ಮ್ 15 ಅಡಿ ಹಾಕಿ, 16 ಫ್ರೇಮ್ ವೇಗದಲ್ಲಿ ಹತ್ತು ಸಲ ಪೂರ್ತಿ ಕೀಲಿ ಕೊಟ್ಟು ಓಡಿಸಬೇಕು. ಮಾರನೇ ದಿನ ಮತ್ತೆ ಹತ್ತು ಸಲ. ಫಿಲ್ಮ್ ಇಲ್ಲದೆ 48, 64ರ ವೇಗದಲ್ಲಿ ಓಡಿಸುವುದು ಬೇಡ. ಎಳೆತ ಇಲ್ಲದ ಯಂತ್ರ ಹುಚ್ಚು ವೇಗ ಹಿಡಿದು ತನ್ನ ಹಲ್ಲನ್ನು ತಾನೇ ಮುರಿದುಕೊಳ್ಳಬಹುದು. ಸ್ಪ್ರಿಂಗ್ ಇರುವ ಡಬ್ಬಿಯನ್ನಂತೂ ಯಾವ ಕಾರಣಕ್ಕೂ ಬಿಚ್ಚಬಾರದು. ಬಿಗಿದ ಉಕ್ಕಿನ ಪಟ್ಟಿ ಚಿಮ್ಮಿದರೆ ಬೆರಳು ಹೋಗುತ್ತದೆ. ದಿನದ ಕೆಲಸ ಮುಗಿದಮೇಲೆ ಕೀಲಿ ಇಳಿಸಿಯೇ ಚೀಲಕ್ಕೆ ಇಡುವುದು ಒಳ್ಳೆಯ ಅಭ್ಯಾಸ.

ವೇಗ ಅಳೆಯಲು ಯಾವ ಯಂತ್ರವೂ ಬೇಡ. 16 ಮಿಮೀ ಫಿಲ್ಮಿನ ಒಂದು ಅಡಿಯಲ್ಲಿ ಸರಿಯಾಗಿ 40 ಫ್ರೇಮ್. 24 ಫ್ರೇಮ್ ವೇಗದಲ್ಲಿ 10 ಸೆಕೆಂಡ್ ಓಡಿದರೆ 240 ಫ್ರೇಮ್, ಅಂದರೆ 6 ಅಡಿ. ಬೇಡದ ಫಿಲ್ಮಿನ ಮೇಲೆ ಗೇಟಿನ ಬಳಿ ಮಾರ್ಕರ್ ಪೆನ್ನಿನಿಂದ ಗೆರೆ ಎಳೆದು, ಸ್ಟಾಪ್‌ವಾಚ್ ಇಟ್ಟು 10 ಸೆಕೆಂಡ್ ಓಡಿಸಿ, ಮತ್ತೆ ಗೆರೆ ಎಳೆದು ಅಳತೆ ಪಟ್ಟಿ ಹಿಡಿದರೆ ಸಾಕು. ಎಣ್ಣೆಗೆ ಮುಂಚೆ ಬಂದದ್ದು 5 ಅಡಿ 8 ಇಂಚು, ಅಂದರೆ ಸೆಕೆಂಡಿಗೆ 22.7 ಫ್ರೇಮ್. ಎಣ್ಣೆ ಹಾಕಿ ಇಪ್ಪತ್ತು ಕೀಲಿ ಓಡಿಸಿದ ಮೇಲೆ 5 ಅಡಿ 11 ಇಂಚು, 23.7 ಫ್ರೇಮ್. ತುಟಿಗೆ ಮಾತು ಹೊಂದಿಸುವ ಚಿತ್ರಕ್ಕೆ ಇದು ಸಾಲದು. ಇಲ್ಲಿ ಮಾತು ಆಮೇಲೆ ಬರುವುದರಿಂದ ಧಾರಾಳ ಸಾಕು. ಆದರೆ ಒಂದು ವಿಷಯ ಗಮನಿಸಬೇಕು: ಕೀಲಿ ಮುಗಿಯುವ ಹೊತ್ತಿಗೆ ವೇಗ ಇಳಿಯುತ್ತದೆ. ವೇಗ 24ರಿಂದ 12ಕ್ಕೆ ಇಳಿದರೆ ಬೆಳಕು ಒಂದು ಸ್ಟಾಪ್ ಹೆಚ್ಚುತ್ತದೆ ಅಂದರೆ ಎರಡು ಪಟ್ಟಾಗುತ್ತದೆ, ತೆರೆಯ ಮೇಲೆ ಜನ ಓಡಿದಂತೆ ಕಾಣುತ್ತಾರೆ. ಈ ಕ್ಯಾಮೆರಾದಲ್ಲಿ 25 ಸೆಕೆಂಡ್ ದಾಟಿದ ಮೇಲೆ ಆ ಇಳಿತ ಕಾಣಿಸಿತು. ಆದ್ದರಿಂದ 25ಕ್ಕೇ ಗೆರೆ ಎಳೆದದ್ದು. ಅದು ರೂಶ್‌ಗೆ ತೋರಿದ ಗೌರವವೂ ಹೌದು, ಯಂತ್ರದ ಲೆಕ್ಕವೂ ಹೌದು.

ಗೇಟು ಮತ್ತು ಪ್ರೆಶರ್ ಪ್ಲೇಟನ್ನು ಬಿದಿರಿನ ಹಲ್ಲುಕಡ್ಡಿಯಿಂದ ಕೆರೆದು, ಲೈಟರ್ ಪೆಟ್ರೋಲ್ ಅದ್ದಿದ ಹತ್ತಿಯಿಂದ ಒರೆಸಬೇಕು. ಲೋಹ ತಾಗಿಸಬಾರದು. ಗೇಟಿನಲ್ಲಿ ಅಂಟಿದ ಎಮಲ್ಷನ್ ಸಾಸಿವೆಯ ಕಾಲುಭಾಗ ಇದ್ದರೂ ಇಡೀ ರೋಲಿಗೆ ನೇರ ಗೀರು ಬೀಳುತ್ತದೆ. ಫಿಲ್ಮ್ ಏರಿಸುವಾಗ ಗೇಟಿನ ಮೇಲೆ ಕೆಳಗೆ ಎರಡೂ ಕಡೆ ಲೂಪ್, ಅಂದರೆ ಫಿಲ್ಮಿನ ಸಡಿಲ ಬಳುಕು, ಸರಿಯಾಗಿ ಬಿಡಬೇಕು. ಲೂಪ್ ಚಿಕ್ಕದಾದರೆ ಚಿತ್ರ ಕುಣಿಯುತ್ತದೆ. ದೊಡ್ಡದಾದರೆ ಫಿಲ್ಮ್ ಕ್ಯಾಮೆರಾ ಗೋಡೆಗೆ ಉಜ್ಜುತ್ತದೆ, ಮುಚ್ಚಳಕ್ಕೆ ಕಿವಿಯಿಟ್ಟರೆ ಸರಸರ ಸದ್ದು ಕೇಳುತ್ತದೆ. ಆ ಸದ್ದು ಕೇಳಿದರೆ ನಿಲ್ಲಿಸಿ, ಕಪ್ಪು ಚೀಲದೊಳಗೆ ಮುಚ್ಚಳ ತೆಗೆದು ಲೂಪ್ ಸರಿ ಮಾಡಬೇಕು.

ಲೆನ್ಸ್ ಎರಡು: 10 ಮಿಮೀ ಮತ್ತು 25 ಮಿಮೀ. ಹಳೆಯ ಸಿಸಿಟಿವಿ ಲೆನ್ಸುಗಳು ಅಗ್ಗ, ಸಿ-ಮೌಂಟ್ ಕೂಡ ಹೌದು. ಆದರೆ ಅವುಗಳಲ್ಲಿ 2/3 ಇಂಚಿನವು 11 ಮಿಮೀ ವೃತ್ತವನ್ನಷ್ಟೇ ಬೆಳಗುತ್ತವೆ. 16 ಮಿಮೀ ಫ್ರೇಮಿನ ಮೂಲೆಯಿಂದ ಮೂಲೆಗೆ ಸುಮಾರು 12.7 ಮಿಮೀ ಇರುವುದರಿಂದ ನಾಲ್ಕೂ ಮೂಲೆ ಕಪ್ಪಾಗುತ್ತವೆ. 1 ಇಂಚು ಎಂದು ಬರೆದ ಲೆನ್ಸೇ ಬೇಕು. ಅದರ ಹಿಂಭಾಗ ಉದ್ದವಾಗಿ ಚಾಚಿದ್ದರೆ ಒಳಗೆ ತಾಗುತ್ತದೆ, ನಿಧಾನ ತಿರುಗಿಸಿ ನೋಡಿಯೇ ಕೂರಿಸಬೇಕು. ಸಿ-ಮೌಂಟಿನಲ್ಲಿ ಲೆನ್ಸ್ ಕೂರುವ ಅಂಚಿನಿಂದ ಫಿಲ್ಮಿಗೆ 17.526 ಮಿಮೀ ಇರಬೇಕು. ತಿರುಗು ತಟ್ಟೆ ಸವೆದಿದ್ದರೆ ಈ ಅಳತೆ ತಪ್ಪುತ್ತದೆ, 10 ಮಿಮೀ ಲೆನ್ಸಿನಲ್ಲಿ ತಪ್ಪು ಮೊದಲು ಕಾಣುತ್ತದೆ. ಪರೀಕ್ಷೆಗೆ ಗೇಟಿನ ಕಿಂಡಿಯ ಮೇಲೆ, ಫಿಲ್ಮನ್ನು ಎಳೆಯುವ ಕೊಂಡಿ (ಕ್ಲಾ) ಓಡಾಡುವ ಸೀಳಿಗೆ ತಾಗದಂತೆ, ಮಂಜು ಬಣ್ಣದ ಸೆಲೊಟೇಪಿನ ಚಿಕ್ಕ ತುಂಡು ಅಂಟಿಸಿ, ಲೆನ್ಸ್ ಪೂರ್ತಿ ತೆರೆದು, 8 ಫ್ರೇಮಿನ ವೇಗದಲ್ಲಿ ಓಡಿಸಿ, ದಂತವೈದ್ಯರ ಕನ್ನಡಿಯಿಂದ ಟೇಪಿನ ಮೇಲೆ ಮಿನುಗುವ ಬಿಂಬವನ್ನು ನೋಡಿದರಾಯಿತು. 2 ಮೀಟರ್ ದೂರದ ಪತ್ರಿಕೆಯ ಶೀರ್ಷಿಕೆ, ಲೆನ್ಸಿನ ಮೇಲಿನ 2 ಮೀಟರ್ ಗುರುತಿಗೇ ಸ್ಪಷ್ಟವಾಗಬೇಕು. ಇದೇ ಹೊತ್ತಿಗೆ ವ್ಯೂಫೈಂಡರಿನ ಓರೆಯನ್ನೂ ಅಳೆಯಬಹುದು: ಗೋಡೆಗೆ ಚೌಕ ಹಾಳೆ ಅಂಟಿಸಿ, ಟೇಪಿನ ಮೇಲೆ ಕಂಡದ್ದಕ್ಕೂ ವ್ಯೂಫೈಂಡರಿನಲ್ಲಿ ಕಂಡದ್ದಕ್ಕೂ ಎಷ್ಟು ಚೌಕ ವ್ಯತ್ಯಾಸ ಎಂದು 1 ಮೀಟರಿಗೆ, 2 ಮೀಟರಿಗೆ ಬರೆದು ಕ್ಯಾಮೆರಾದ ಬೆನ್ನಿಗೆ ಅಂಟಿಸಿಬಿಡಬೇಕು. ಕೆಲಸ ಮುಗಿದಮೇಲೆ ಟೇಪಿನ ಅಂಟು ಪೂರ್ತಿ ಒರೆಸಲು ಮರೆಯಬಾರದು.

ಫಿಲ್ಮ್ ಮತ್ತು ಬೆಳಕು

ಹತ್ತು ರೋಲು. 100 ಅಡಿಗೆ 4000 ಫ್ರೇಮ್, 24ರ ವೇಗದಲ್ಲಿ 2 ನಿಮಿಷ 46 ಸೆಕೆಂಡ್. ಹತ್ತಕ್ಕೆ ಸುಮಾರು 27 ನಿಮಿಷ 45 ಸೆಕೆಂಡ್. ತಲೆ ಬಾಲದ ಬೆಳಕು ತಾಗಿದ ಭಾಗ ಕಳೆದರೆ ಕೈಗೆ ಉಳಿಯುವುದು 25 ನಿಮಿಷ. ಅದರಲ್ಲಿ 12 ನಿಮಿಷದ ಚಿತ್ರ, ಅಂದರೆ ಎರಡಕ್ಕೆ ಒಂದು. ಎಂಟು ರೋಲು ಹಗಲ ಬೆಳಕಿನ ಕೊಡಕ್ ವಿಷನ್3 50ಡಿ, ಎರಡು ಕಡಿಮೆ ಬೆಳಕಿಗೂ ಸಾಲುವ 500ಟಿ, ಗೋದಾಮಿನ ಒಳಭಾಗಕ್ಕೆ.

ಫಿಲ್ಮೊ 70-ಡಿಆರ್‌ನ ಶಟರ್ ಕೋನ, ಅಂದರೆ ತಿರುಗುವ ಶಟರ್ ತಟ್ಟೆಯಲ್ಲಿ ಬೆಳಕು ಬಿಡುವ ಭಾಗ, 204 ಡಿಗ್ರಿ. 204ನ್ನು 360ರಿಂದ, ಆಮೇಲೆ 24ರಿಂದ ಭಾಗಿಸಿದರೆ ಸುಮಾರು 1/42 ಸೆಕೆಂಡ್. ಬೆಳಕು ಅಳೆಯುವ ಮೀಟರಿನಲ್ಲಿ ರೂಢಿಯ 1/48 ಇಟ್ಟರೆ ಕಾಲು ಸ್ಟಾಪಿಗೂ ಕಡಿಮೆ ವ್ಯತ್ಯಾಸ, ನೆಗೆಟಿವ್ ತಾಳಿಕೊಳ್ಳುತ್ತದೆ. ನಡುಹಗಲ ಬಿಸಿಲಿಗೆ 50ಡಿ ಫಿಲ್ಮಿನಲ್ಲಿ ಲೆನ್ಸಿನ ಕಿಂಡಿಯ ಅಳತೆ ಎಫ್ 16 ಬರುತ್ತದೆ, ಬೆಳಕು ತಗ್ಗಿಸುವ ಎನ್‌ಡಿ 0.6 ಫಿಲ್ಟರ್ ಹಾಕಿದರೆ ಎಫ್ 8. 10 ಮಿಮೀ ಲೆನ್ಸನ್ನು ಎಫ್ 5.6ರಲ್ಲಿ 1.2 ಮೀಟರಿಗೆ ಇಟ್ಟುಬಿಟ್ಟರೆ 60 ಸೆಂಟಿಮೀಟರಿನಿಂದ ಕಣ್ಣು ಹಾಯುವಷ್ಟು ದೂರದವರೆಗೆ ಸ್ಪಷ್ಟ. ಫೋಕಸ್ ಮರೆತು ನಡೆಯಬಹುದು. 25 ಮಿಮೀಗೆ ಅದೇ ಎಫ್ 5.6ರಲ್ಲಿ 7.4 ಮೀಟರ್ ಇಟ್ಟರೆ ಹತ್ತಿರದ ಮಿತಿ 3.7 ಮೀಟರ್. ಹಾಗಾಗಿ ಹಮಾಲರ ಜೊತೆ ಹೆಜ್ಜೆ ಹಾಕುವ ಶಾಟುಗಳಿಗೆಲ್ಲ 10 ಮಿಮೀ. ದೂರ ನಿಂತು ಜೂಮ್ ಎಳೆಯುವುದಕ್ಕಿಂತ ಅಗಲದ ಲೆನ್ಸ್ ಹಿಡಿದು ಜನರ ನಡುವೆ ನಡೆಯುವುದೇ ಮೇಲು ಎಂಬುದು ರೂಶ್‌ನ ಗಟ್ಟಿ ನಿಲುವು. ಹಮಾಲನ ಹೆಗಲಿನ ಎತ್ತರದಲ್ಲಿ ಕ್ಯಾಮೆರಾ ಹಿಡಿದು ಲಾರಿಯಿಂದ ತಕ್ಕಡಿಯವರೆಗೆ ಒಮ್ಮೆ ನಡೆದರೆ ಆ ಮಾತು ಮೊಣಕಾಲಿಗೇ ಅರ್ಥವಾಗುತ್ತದೆ.

ಫಿಲ್ಮನ್ನು ಫ್ರಿಜ್ಜಿನಲ್ಲಿಟ್ಟು, ಮುದ್ರೆ ಒಡೆಯದೆ ಎರಡು ಗಂಟೆ ಹೊರಗಿಟ್ಟು, ಆಮೇಲೆ ತೆರೆಯಬೇಕು. ಇಲ್ಲದಿದ್ದರೆ ತಣ್ಣನೆಯ ಫಿಲ್ಮಿನ ಮೇಲೆ ನೀರಹನಿ ಕೂರುತ್ತದೆ. ವಿಮಾನದಲ್ಲಿ ಒಯ್ಯುವುದಾದರೆ ಕೈಚೀಲದಲ್ಲಿಟ್ಟು, ಕೈಯಿಂದ ಪರೀಕ್ಷಿಸಲು ಕೇಳಬೇಕು; ಹೊಸ ಸಿಟಿ ಸ್ಕ್ಯಾನರ್‌ಗಳು ಫಿಲ್ಮನ್ನು ಮಬ್ಬು ಮಾಡುತ್ತವೆ. ಲ್ಯಾಬ್ ಮತ್ತು ಸ್ಕ್ಯಾನಿಂಗ್ ಎಲ್ಲಿ ಎಂಬುದು ಫಿಲ್ಮ್ ಕೊಳ್ಳುವ ಮುಂಚೆಯೇ ತೀರ್ಮಾನವಾಗಿರಬೇಕು.

ಫಿಲ್ಮಿಗೆ ಹಣ ಹೊಂದದವರು ಡಿಜಿಟಲ್ ಕ್ಯಾಮೆರಾದಲ್ಲೂ ಇದನ್ನು ಮಾಡಬಹುದು, ಆದರೆ ಮಿತಿಯನ್ನು ಗಟ್ಟಿಯಾಗಿ ಕಟ್ಟಿಕೊಳ್ಳಬೇಕು: 24 ಫ್ರೇಮ್, ಒಂದೇ ಲೆನ್ಸ್, ಮೈಕ್ ಬಂದ್, 25 ಸೆಕೆಂಡಿಗೆ ಅಲಾರಂ, ಒಟ್ಟು 28 ನಿಮಿಷದ ಕಾರ್ಡ್, ಅಳಿಸುವಂತಿಲ್ಲ, ತಿರುಗಿಸಿ ನೋಡುವಂತಿಲ್ಲ. ಒಂದು ಶಾಟ್ ಆದಮೇಲೆ 20 ಸೆಕೆಂಡ್ ಸುಮ್ಮನಿರಬೇಕು. ಕೀಲಿ ಕೊಡುವ ಹೊತ್ತು ಅದು. ಮುಂದಿನ ಶಾಟ್ ಎಲ್ಲಿಂದ ಎಂದು ಕಾಲು ತೀರ್ಮಾನಿಸುವುದು ಆಗಲೇ. ಆ 20 ಸೆಕೆಂಡ್ ಕಿತ್ತುಹಾಕಿದರೆ ಇಡೀ ಪದ್ಧತಿ ಕುಸಿಯುತ್ತದೆ.

ಚೀಟಿಗಳು

ಸ್ಕ್ರಿಪ್ಟ್ ಇಲ್ಲ. ಅಂಚೆ ಕಾರ್ಡಿನಷ್ಟು ದೊಡ್ಡ ಚೀಟಿಗಳು 34. ಪ್ರತಿ ಚೀಟಿಯ ಮೇಲೆ ಜಾಗ, ಹೊತ್ತು, ಯಾರು, ಮತ್ತು ಮೂರರಲ್ಲಿ ಒಂದು ಗುರುತು: ನಡೆದದ್ದು, ಮತ್ತೆ ಮಾಡಿಸಿದ್ದು, ಕಟ್ಟಿದ್ದು. ಬೆಳಗಿನ ಜಾವ ಈರುಳ್ಳಿ ಲಾರಿ ಬರುವುದು, ಕೊಕ್ಕೆ ಹಾಕಿ ಚೀಲ ಎಳೆಯುವುದು, ತೂಕ, ಸವಾಲು, ಸಂಜೆಯ ಕೂಲಿ ಲೆಕ್ಕ ಇವೆಲ್ಲ ನಡೆದದ್ದು. ಒಬ್ಬ ಹಮಾಲ ಮೊದಲ ದಿನ ಯಾರ್ಡಿಗೆ ಬಂದು ಕೆಲಸ ಕೇಳಿದ್ದು ಮತ್ತೆ ಮಾಡಿಸಿದ್ದು. ಅದೇ ಹಮಾಲ ಒಂದು ದಿನದ ಮಟ್ಟಿಗೆ ಲಾರಿ ಮಾಲೀಕನಾಗುವುದು ಕಟ್ಟಿದ್ದು. ಆ ಆಸೆ ಅವನದೇ. 'ಒಂದು ದಿನ ನಿಮಗೆ ಬೇಕಾದವರಾಗಿ ಅಂದರೆ ಯಾರಾಗುತ್ತೀರಿ' ಎಂಬ ಪ್ರಶ್ನೆಗೆ ಬಂದ ಉತ್ತರ. ಕಟ್ಟುವ ಭಾಗವನ್ನು ಹೊರಗಿನಿಂದ ತಂದು ಹೊರಿಸಿದರೆ ಆಮೇಲೆ ಮಾತಾಡುವ ಹೊತ್ತಿಗೆ ಆಡಿದವನ ಬಾಯಿ ಕಟ್ಟುತ್ತದೆ. ಈ ಪದ್ಧತಿಯಲ್ಲಿ ಅತಿ ಹೆಚ್ಚು ಚಿತ್ರಗಳು ಸೋಲುವುದು ಇಲ್ಲೇ.

ಗುರುತುಗಳ ಪ್ರಮಾಣ 20, 5, 9. ಕಟ್ಟಿದ ಭಾಗ ಕಾಲಂಶಕ್ಕಿಂತ ತುಸು ಹೆಚ್ಚು. ಅರ್ಧ ದಾಟಿದರೆ ನಡೆದದ್ದು ಬರೀ ಹಿನ್ನೆಲೆಯಾಗಿ ಉಳಿಯುತ್ತದೆ.

ಅನುಮತಿಯ ಕೆಲಸ ಬೇಸರದ್ದಾದರೂ ಮೊದಲೇ ಮುಗಿಸಬೇಕು: ಯಾರ್ಡಿನ ಕಾರ್ಯದರ್ಶಿಗೆ ಅರ್ಜಿ, ಲಾರಿ ಮಾಲೀಕರ ಒಪ್ಪಿಗೆ, ಇಬ್ಬರು ಹಮಾಲರ ಜೊತೆ ಕನ್ನಡದಲ್ಲೇ ಬರೆದು ಓದಿ ಹೇಳಿದ ಕರಾರು. ಚಿತ್ರೀಕರಣಕ್ಕೆ ನಿಂತ ದಿನಕ್ಕೆ ಅವರ ಆ ದಿನದ ಪೂರ್ತಿ ಕೂಲಿ. ಪಾತ್ರದ ಹೆಸರು ಬೇರೆ, ಮತ್ತು ಯಾವ ಶಾಟ್ ಬೇಕಾದರೂ ತೆಗೆಸುವ ಹಕ್ಕು ಕೊನೆಯ ಪ್ರದರ್ಶನದವರೆಗೆ. ಆಡುವವರ ನಿಜ ಬದುಕು ಚಿತ್ರೀಕರಣ ಮುಗಿಯುವವರೆಗೆ ಕಾಯುವುದಿಲ್ಲ. ಟ್ರೆಶ್‌ವಿಲ್‌ನಲ್ಲಿ ಎಡ್ಡಿ ಕಾನ್‌ಸ್ಟಂಟೈನ್ ಆಗಿದ್ದವನು ಆ ದಿನಗಳಲ್ಲೇ ಜೈಲು ಸೇರಿದ, ರೂಶ್ ಅದನ್ನೂ ಚಿತ್ರದಲ್ಲಿ ಹೇಳಿದ. ಇಲ್ಲಿ ಒಬ್ಬನಿಗೆ ಮೂರು ದಿನ ಬೆನ್ನು ಹಿಡಿದುಕೊಂಡು ಕೆಲಸ ನಿಂತಿತು. ಚೀಟಿ 17 ಮತ್ತು 18 ಆ ಬೆನ್ನುನೋವಿನವೇ ಆದವು.

ಚಿತ್ರೀಕರಣ

ಆರು ಬೆಳಗು, ಒಟ್ಟು ಎಂಟು ರೋಲು, ಉಳಿದೆರಡು ಗೋದಾಮಿಗೆ. ಇಲ್ಲಿ ಹೆಚ್ಚು ಹೇಳುವುದಕ್ಕಿಲ್ಲ. ಮೊದಲಿನ ಸಿದ್ಧತೆ ಸರಿಯಿದ್ದರೆ ಚಿತ್ರೀಕರಣ ಸುಲಭ. ಎರಡು ಎಚ್ಚರಿಕೆ. ನೆರಳಲ್ಲಿ ರೋಲು ಏರಿಸಿ, ಮುಚ್ಚಿದ ಮೇಲೆ 5 ಅಡಿ ಓಡಿಸಿ ಬಿಡಬೇಕು. ಮತ್ತೆ, ಮುಖ ಎದುರಿಗಿದ್ದು ತುಟಿ ಆಡುವ ಶಾಟನ್ನು ಎರಡು ಸೆಕೆಂಡಿಗಿಂತ ಉದ್ದ ಬಿಡಬಾರದು. ಬೆನ್ನು, ಓರೆ ಮುಖ, ಕೈ, ಹೆಗಲ ಮೇಲಿನ ಟವೆಲ್ಲು, ಚೀಲದ ಮರೆಯಲ್ಲಿ ಅರ್ಧ ಕಾಣುವ ಬಾಯಿ ಇವು ಆಮೇಲೆ ಬರುವ ಮಾತಿಗೆ ಜಾಗ ಕೊಡುತ್ತವೆ. ತುಟಿ ಪೂರ್ತಿ ಕಂಡರೆ ನೋಡುವವರು ಅದನ್ನೇ ಓದಲು ಹೊರಡುತ್ತಾರೆ.

ಪ್ರತಿ ಶಾಟಿನ ಮೊದಲ ಒಂದೆರಡು ಫ್ರೇಮ್, ಯಂತ್ರ ವೇಗ ಹಿಡಿಯುವ ಮುಂಚೆ, ಬಿಳಚಿಕೊಳ್ಳುತ್ತದೆ. ಸ್ಕ್ಯಾನ್ ಮಾಡುವವರು ಅದನ್ನು ದೋಷ ಎಂದು ಕತ್ತರಿಸದಂತೆ ಬರೆದು ಕೊಡಬೇಕು. ಎಡಿಟಿಂಗ್ ಟೈಮ್‌ಲೈನಿನಲ್ಲಿ ಶಾಟ್ ಬದಲಾದ ಜಾಗವನ್ನು ಅದೇ ತೋರಿಸುತ್ತದೆ.

ಧ್ವನಿಯನ್ನು ಬೇರೆ ಹೊತ್ತಿನಲ್ಲಿ, ಕ್ಯಾಮೆರಾ ಇಲ್ಲದಾಗ ಹಿಡಿದದ್ದು. 48 ಕಿಲೋಹರ್ಟ್ಸ್, 24 ಬಿಟ್, ಗಟ್ಟಿ ಸದ್ದು ಮೈನಸ್ 12 ಡೆಸಿಬೆಲ್ ದಾಟದಂತೆ. ಪ್ರತಿ ಜಾಗದಲ್ಲೂ ಯಾರೂ ಮಾತಾಡದ 60 ಸೆಕೆಂಡಿನ ತಳದ ಸದ್ದು. ಕೊಕ್ಕೆ, ತಕ್ಕಡಿ, ಲಾರಿಯ ಹಿಂಬಾಗಿಲು, ಚಹಾ ಗ್ಲಾಸು, ಚೀಲ ಬೀಳುವುದು ತಲಾ ಹತ್ತು ಸಲ.

ಮಾತಿನ ಕೋಣೆ

ಇದೇ ಈ ಕೆಲಸದ ಹೃದಯ. ಮೂಕ ಜೋಡಣೆ 14 ನಿಮಿಷಕ್ಕೆ ಬಂದ ಮೇಲೆ ಇಬ್ಬರನ್ನೂ ಕೂರಿಸಿ ಮಾತಾಡಿಸಿದ್ದು.

ಕೋಣೆ 10ಕ್ಕೆ 12 ಅಡಿ, ಬರೀ ಸಿಮೆಂಟ್ ಗೋಡೆ. ಚಪ್ಪಾಳೆ ತಟ್ಟಿದರೆ ಝಣ್ ಎನ್ನುತ್ತಿತ್ತು. ಅಂಗಡಿಯ ಫೋಮ್ ಹಾಳೆಗಿಂತ ಕುರಿ ಉಣ್ಣೆಯ ಕರಿ ಕಂಬಳಿ ಇಲ್ಲಿ ವಾಸಿ. ಗೋಡೆಗೆ ಅಂಟಿಸದೆ 10 ಸೆಂಟಿಮೀಟರ್ ಮುಂದಕ್ಕೆ ಹಗ್ಗ ಕಟ್ಟಿ ಎಂಟು ಕಂಬಳಿ ಇಳಿಬಿಟ್ಟದ್ದು. ಹಿಂದೆ ಗಾಳಿಯ ಅಂತರ ಇದ್ದರೆ ದಪ್ಪ ದನಿಯ ಗುಂಯ್‌ಗುಡುವಿಕೆಯೂ ತಗ್ಗುತ್ತದೆ. ನೆಲಕ್ಕೆ ಜಮಖಾನ. ಫ್ಯಾನ್ ಬಂದ್ ಮಾಡಲೇಬೇಕು. ಬೇಸಿಗೆಯಾದರೆ 15 ನಿಮಿಷಕ್ಕೊಮ್ಮೆ ಬಾಗಿಲು ತೆರೆಯಬೇಕು, ಇಲ್ಲದಿದ್ದರೆ ಬೆವರು ಒರೆಸುವ ಸದ್ದೇ ಟ್ರ್ಯಾಕ್ ತುಂಬುತ್ತದೆ. ಪ್ರೊಜೆಕ್ಟರ್ ಕೋಣೆಯ ಹೊರಗಿಟ್ಟು ಕಿಟಕಿಯ ಗಾಜಿನ ಮೂಲಕ ಬಿಳಿ ಬಟ್ಟೆಗೆ ಹಾಯಿಸಿದ್ದು.

ಮೈಕ್ ಎರಡು, ಎರಡೂ ಡೈನಮಿಕ್. ಕಂಡೆನ್ಸರ್ ಮೈಕ್ ಹೆಚ್ಚು ಸೂಕ್ಷ್ಮ, ಇಂಥ ಕೋಣೆಯಲ್ಲಿ ಬೀದಿಯ ಹಾರ್ನನ್ನೂ ತರುತ್ತದೆ. ಬಾಯಿಂದ ಮೈಕಿಗೆ 15 ಸೆಂಟಿಮೀಟರ್, ಮೈಕಿಂದ ಮೈಕಿಗೆ ಕನಿಷ್ಠ ಅದರ ಮೂರು ಪಟ್ಟು, 45. ಹತ್ತಿರವಾದರೆ ಒಬ್ಬನ ದನಿ ಎರಡೂ ಮೈಕಿಗೆ ಸೇರಿ ಡಬ್ಬದಿಂದ ಬಂದಂತಾಗುತ್ತದೆ. ಹೆಡ್‌ಫೋನ್ ಕೊಡಬಾರದು; ತನ್ನ ದನಿ ಕಿವಿಗೆ ಬಿದ್ದ ಕೂಡಲೇ ಜನ ರೇಡಿಯೋದವರಂತೆ ಮಾತಾಡಲು ತೊಡಗುತ್ತಾರೆ.

ಹೊಂದಿಸಲು: ಚಿತ್ರದ ಮೊದಲ ಫ್ರೇಮಿಗೆ ಸರಿಯಾಗಿ 2 ಸೆಕೆಂಡ್ ಅಂದರೆ 48 ಫ್ರೇಮ್ ಮುಂಚೆ ಒಂದು ಬೀಪ್, ಅದೇ ಫ್ರೇಮಿನಲ್ಲಿ ಬಿಳಿ ಚುಕ್ಕೆ. ಕೊನೆಯಲ್ಲೂ ಒಂದು ಬೀಪ್. ಕೊನೆಯದು ಬೇಕೇಬೇಕು, ಏಕೆಂದರೆ ಇಲ್ಲಿ ಒಂದು ಪೆಟ್ಟು ಬಿತ್ತು. ಸ್ಕ್ಯಾನ್ ಫೈಲು 24 ಫ್ರೇಮಿನದು, ಎಡಿಟಿಂಗ್ ಪ್ರಾಜೆಕ್ಟ್ ತಾನಾಗಿ 23.976ಕ್ಕೆ ತೆರೆದುಕೊಂಡಿತ್ತು. ವ್ಯತ್ಯಾಸ ಸಾವಿರಕ್ಕೆ ಒಂದು. 14 ನಿಮಿಷಕ್ಕೆ 0.84 ಸೆಕೆಂಡ್, ಅಂದರೆ 20 ಫ್ರೇಮ್. 'ಈಗ ಬಿತ್ತು ನೋಡ್ರಿ' ಎಂಬ ಮಾತು ಚೀಲ ಬೀಳುವ ಹೊತ್ತಿಗೆ ಹೊಂದುತ್ತಿರಲಿಲ್ಲ. ಎರಡು ಬೀಪಿನ ನಡುವಿನ ಅಂತರ ಅಳೆದಾಗಲೇ ತಪ್ಪು ಸಿಕ್ಕಿದ್ದು. ಪ್ರಾಜೆಕ್ಟ್ ತೆರೆದ ಮೊದಲ ನಿಮಿಷದಲ್ಲೇ 24 ಎಂದು ಕೈಯಾರೆ ಬರೆಯಬೇಕು. ಒಮ್ಮೆ ಕ್ಲಿಪ್ ಹಾಕಿದಮೇಲೆ ಬದಲಿಸಲು ಹಲವು ಸಾಫ್ಟ್‌ವೇರ್ ಬಿಡುವುದಿಲ್ಲ.

ಮೊದಲ ಸಲ ಚಿತ್ರ ತೋರಿಸುವಾಗಲೇ ರೆಕಾರ್ಡರ್ ಓಡುತ್ತಿರಬೇಕು. ಮುಂಚೆ ತೋರಿಸಿ, ವಿವರಿಸಿ, ಅಭ್ಯಾಸ ಮಾಡಿಸಿದರೆ ಮುಗಿಯಿತು. ತನ್ನನ್ನೇ ತೆರೆಯ ಮೇಲೆ ಮೊದಲ ಬಾರಿ ಕಂಡಾಗಿನ ನಗು, ಮೌನ, 'ಹಿಂಗ ಬಗ್ಗತೀನಾ ನಾನು' ಎಂಬ ಉದ್ಗಾರ ಎರಡನೇ ಸಲ ಸಿಗುವುದಿಲ್ಲ. ನಡುವೆ ನಿಲ್ಲಿಸಬಾರದು, ಸಾಲು ಸಾಲಾಗಿ ಹೇಳಿಸಬಾರದು, 14 ನಿಮಿಷ ಒಂದೇ ಓಟ. ಮೂರು ಓಟ ಸಾಕು. ಕೊನೆಯ ಚಿತ್ರದಲ್ಲಿ ಉಳಿದ ಮಾತಿನ ಬಹುಪಾಲು ಮೊದಲ ಓಟದ್ದು. ರೂಶ್‌ನ 'ಜಾಗ್ವಾರ್' ಚಿತ್ರೀಕರಣವಾದದ್ದು 1954ರಲ್ಲಿ. ದಾಮುರೆ ಝೀಕಾ ಮತ್ತು ಲಾಮ್ ಇಬ್ರಾಹಿಮ ಅದನ್ನು ನೋಡುತ್ತ ಮಾತಾಡಿದ್ದು 1957ರಲ್ಲಿ. ಮೂರು ವರ್ಷದ ಹಿಂದಿನ ತಮ್ಮನ್ನು ತಾವೇ ಕೆಣಕುವ ಆ ಸಲಿಗೆಗೆ ಅಂತರವೂ ಬೇಕು. ಇಲ್ಲಿ ಸಿಕ್ಕದ್ದು ಹನ್ನೊಂದು ವಾರ, ಅದೂ ಕೆಲಸ ಮಾಡಿತು.

ಟ್ರ್ಯಾಕನ್ನು ಬರೆದುಕೊಂಡು ಓದಿದಾಗ ಕಂಡದ್ದು ಕ್ರಿಯಾಪದದ ಆಟ. ಚೀಲ ಹೊರುವ ಶಾಟಿಗೆ 'ಈಗ ನೋಡ್ರಿ, ಲಾರಿ ಏರಾಕತ್ತೀನಿ'. ಎರಡು ಶಾಟ್ ಆದಮೇಲೆ ಅದೇ ಕೆಲಸಕ್ಕೆ 'ಅವತ್ತ ಬೆನ್ನ ಹಿಡಕೊಂಡಿತ್ತು'. ಲಾರಿ ಮಾಲೀಕನಾದ ಭಾಗಕ್ಕೆ ಬಂದಾಗ 'ನಾನು' ಹೋಗಿ 'ಅಂವಾ' ಬಂತು: 'ಅಂವಾ ಹೊಂಟಾನ, ಅಂವಗ ಯಾರೂ ತಡಿಯೂದಿಲ್ಲ'. ಇದನ್ನು ಯಾರೂ ಹೇಳಿಕೊಟ್ಟದ್ದಲ್ಲ. ಇನ್ನೂ ಒಂದು ಗುರುತು ಸಂಬೋಧನೆಯಲ್ಲಿತ್ತು. ನಡೆದ ಭಾಗದಲ್ಲೆಲ್ಲ 'ಸಾವ್ಕಾರ್ರ, ನೀವು'. ಕಟ್ಟಿದ ಭಾಗದಲ್ಲಿ ಲಾರಿಯ ಕ್ಯಾಬಿನ್ನಿನಿಂದ ಕೆಳಗೆ ನೋಡುತ್ತ 'ಏ ಸಾವ್ಕಾರ, ನೀನ ಹೊತ್ಕೋ'. ಆ ಒಂದು 'ನೀನ' ಎಂಬಲ್ಲಿ ಸಾಕ್ಷ್ಯ ಮುಗಿದು ಕಥೆ ಶುರುವಾಗುತ್ತದೆ, ಕನ್ನಡ ಬಲ್ಲ ಯಾರಿಗೂ ಬೇರೆ ಸೂಚನೆ ಬೇಕಿಲ್ಲ. 'ಇಲ್ಲಿಂದ ಕಲ್ಪನೆ' ಎಂಬ ಅಕ್ಷರಪಟ್ಟಿ ಹಾಕುವ ಯೋಚನೆ ಅಲ್ಲಿಗೆ ಬಿಟ್ಟದ್ದು. ಆದರೆ ಚಿತ್ರದ ಆರಂಭದಲ್ಲಿ ಯಾರು ಯಾರ ಪಾತ್ರ, ಯಾವ ಒಪ್ಪಂದ ಎಂದು ನಿರ್ದೇಶಕರ ದನಿಯಲ್ಲೇ ನಾಲ್ಕು ವಾಕ್ಯ ಇಟ್ಟಿದೆ. ರೂಶ್ ಕೂಡ ಮೊದಲು ತಾನೇ ಮಾತಾಡಿ, ಆಮೇಲೆ ಗಾಂಡಾನಿಗೆ ಮಾತು ಬಿಟ್ಟುಕೊಟ್ಟ. ಆ ನಾಲ್ಕು ವಾಕ್ಯ ಇಲ್ಲದಿದ್ದರೆ ಅದು ಮೋಸ.

ಜೋಡಣೆ

ಟೈಮ್‌ಲೈನಿನಲ್ಲಿ ಚೀಟಿಯ ಮೂರು ಗುರುತಿಗೆ ಮೂರು ಬಣ್ಣ: ಹಸಿರು, ಹಳದಿ, ಕೆಂಪು. ದೂರದಿಂದ ನೋಡಿದರೆ ಬಣ್ಣದ ಹಂಚಿಕೆಯೇ ದೋಷ ತೋರಿಸುತ್ತದೆ. ಮೊದಲ ಜೋಡಣೆಯಲ್ಲಿ ಕೆಂಪೆಲ್ಲ ಕೊನೆಗೆ ಗುಡ್ಡೆ ಬಿದ್ದಿತ್ತು, ಸಾಕ್ಷ್ಯಚಿತ್ರಕ್ಕೆ ಕಥೆಯ ಬಾಲ ಅಂಟಿಸಿದಂತೆ. ಲಾರಿ ಭಾಗವನ್ನು ಮೂರು ತುಂಡು ಮಾಡಿ 4ನೇ, 7ನೇ ಮತ್ತು 10ನೇ ನಿಮಿಷಕ್ಕೆ ಹಂಚಿದ ಮೇಲೆ ಕೂಲಿಯ ದಿನದೊಳಗೇ ಕನಸು ಓಡಾಡತೊಡಗಿತು. ಮಾತಿಗೆ ತಕ್ಕಂತೆ ಚಿತ್ರ ಕತ್ತರಿಸಿದ್ದು, ಚಿತ್ರಕ್ಕೆ ತಕ್ಕಂತೆ ಮಾತನ್ನಲ್ಲ. ಉಸಿರನ್ನು ಅಳಿಸಿಲ್ಲ. 14 ನಿಮಿಷ 12ಕ್ಕೆ ಇಳಿಯಿತು.

ಯಾರ್ಡಿನಲ್ಲಿ ಪ್ರದರ್ಶನ

ಮುಗಿಸುವ ಮುಂಚೆ ಚಿತ್ರವನ್ನು ಅದರೊಳಗಿನ ಜನರಿಗೇ ತೋರಿಸಬೇಕು. ರೂಶ್ ಇದನ್ನು ಕಲಿತದ್ದು ನೈಜರ್ ನದಿ ದಂಡೆಯ ಅಯೊರು ಊರಿನಲ್ಲಿ. ನೀರಾನೆ ಬೇಟೆಯ ಚಿತ್ರಕ್ಕೆ ಆತ ಬೇಟೆಗಾರರದೇ ಹಾಡು ಹಾಕಿದ್ದ. ಬಟ್ಟೆಯ ತೆರೆಯ ಮೇಲೆ ಅದನ್ನು ನೋಡಿದ ಬೇಟೆಗಾರರು ಆಕ್ಷೇಪಿಸಿದರು: ಬೇಟೆಯ ಹೊತ್ತಿಗೆ ಸದ್ದು ಇರಕೂಡದು, ಹಾಡು ಕೇಳಿದರೆ ನೀರಾನೆ ಓಡಿಹೋಗುತ್ತದೆ. ಆತ ಹಾಡು ತೆಗೆದುಹಾಕಿದ.

8ಕ್ಕೆ 6 ಅಡಿಯ ಬಿಳಿ ಬಟ್ಟೆ, 3000 ಲ್ಯೂಮೆನ್ ಪ್ರೊಜೆಕ್ಟರ್, ಕತ್ತಲಾದ ಮೇಲೆ, ಒಂದೇ ಸ್ಪೀಕರ್ ತೆರೆಯ ಹಿಂದೆ. ಎರಡು ಸಲ ತೋರಿಸಿದ್ದು: ಮೊದಲ ಸಲ ಜನ ತಮ್ಮನ್ನು ಹುಡುಕುತ್ತಾರೆ, ಎರಡನೇ ಸಲ ಚಿತ್ರ ನೋಡುತ್ತಾರೆ. ರೆಕಾರ್ಡರ್ ಪ್ರೇಕ್ಷಕರ ಕಡೆಗಿತ್ತು. ಬಂದ ತಿದ್ದುಪಡಿ ಮೂರು. ಕೂಲಿ ಲೆಕ್ಕದ ಶಾಟಿನಲ್ಲಿ ಒಬ್ಬನ ಕೂಲಿ ಚೀಟಿಯ ಮೊತ್ತ ಓದುವಂತಿತ್ತು, ತೆಗೆಯಲು ಕೇಳಿದ, ತೆಗೆದಾಯಿತು. ಕೊಕ್ಕೆಯನ್ನು ಎಡಗೈಯಲ್ಲಿ ಹಿಡಿದ ಒಂದು ಶಾಟ್ ತಿರುಗುಮುರುಗಾಗಿ ಕೂತಿತ್ತು, ಅದನ್ನು ಕಂಡವರೂ ಅವರೇ.

ಮೂರನೆಯದು ಸದ್ದು. ಈರುಳ್ಳಿ ಚೀಲ ಬೀಳುವ ಶಾಟಿಗೆ ಜೋಳದ ಚೀಲ ಬೀಳುವ ಸದ್ದು ಹಾಕಿತ್ತು. ಹೆಚ್ಚು ಗಟ್ಟಿಯಾಗಿ, ಚೆನ್ನಾಗಿ ಬಂದಿದ್ದದ್ದು ಅದು. ಹಿಂದಿನ ಸಾಲಿನಿಂದ ಒಬ್ಬರು 'ಅದು ಉಳ್ಳಾಗಡ್ಡಿ ಅಲ್ಲ' ಎಂದರು. ಜೋಳದ ಚೀಲ ಒಮ್ಮೆಗೇ ದಪ್ ಎಂದು ಕೂರುತ್ತದೆ. ಈರುಳ್ಳಿ ಚೀಲ ಬಿದ್ದ ಮೇಲೆ ಗಡ್ಡೆಗಳು ಒಳಗೆ ಒಂದರ ಮೇಲೊಂದು ಜರುಗಿ ಕೂರುತ್ತವೆ, ಒಣ ಸಿಪ್ಪೆ ಸರಸರ ಎನ್ನುತ್ತದೆ, ಅರ್ಧ ಸೆಕೆಂಡಿನ ಬಾಲ ಇರುತ್ತದೆ. ಮಾರನೇ ಬೆಳಗ್ಗೆ ಮೈಕನ್ನು ನೆಲದಿಂದ 30 ಸೆಂಟಿಮೀಟರ್ ಎತ್ತರಕ್ಕೆ, ಚೀಲ ಬೀಳುವ ಜಾಗದಿಂದ ಒಂದು ಮೀಟರ್ ದೂರಕ್ಕೆ ಇಟ್ಟು, ಅದೇ ಹಮಾಲರಿಂದ ಅದೇ ಲಾರಿಯಿಂದ 16 ಚೀಲ ಇಳಿಸಿ ಹಿಡಿದದ್ದು. ಹನ್ನೊಂದನೆಯದು ಚಿತ್ರದಲ್ಲಿದೆ.